ಬ್ರೇಕಿನ ದಿನದ ನೀರು

ಕಾಡಪ್ಪನೆಂಬವನು ಇದ್ದಾನೆ ಎಂಬುದನ್ನು ಸರಕಾರ ವರ್ಷಕ್ಕೊಂದು ದಿನ ಮರೆತುಬಿಡುತ್ತಿತ್ತು. ಟೆಂಪರವರಿ ಜನರ ನೌಕರಿ ಒಂದೇ ಸಮನೆ ನಡೆದರೆ ಪಿಂಚಣಿಯ ಹಕ್ಕು ಹುಟ್ಟುತ್ತದಲ್ಲ, ಅದು ಹುಟ್ಟಬಾರದೆಂದು ಜೂನಿನಲ್ಲಿ ಒಂದು ದಿನ ಅವರನ್ನು ತೆಗೆದು, ಮರುದಿನ ಹೊಸಬರಂತೆ ಸೇರಿಸಿಕೊಳ್ಳುವರು. ಅದಕ್ಕೆ ಬ್ರೇಕು ಎಂದು ಹೆಸರು.

ಎಪ್ಪತ್ತರ ದಶಕದ ಮಾತು. ವಿಜಾಪುರದ ಕಡೆಯ ಕಾಡಪ್ಪ ಮರಾಠಿ ಸೀಮೆಯ ಠಾಣೆ ಊರಿನ ವರ್ತಕ ನಗರದಲ್ಲಿ ನೀರಿನ ಖಾತೆಯ ವಾಲ್ವ್‌ಮನ್. ಬೆಳಗಾದರೆ ಕಬ್ಬಿಣದ ಉದ್ದ ಕೀಲಿ ಹೆಗಲಿಗೇರಿಸಿ ಹೋಗುವನು. ಅವನು ಗುಂಡಿಗಿಳಿದು ವಾಲ್ವು ತಿರುವಿದರೆ ಕಾಲನಿಯ ನಳಗಳಲ್ಲಿ ನೀರು. ಅವನಿಗಿಂತ ಮೊದಲು ಆ ಕೆಲಸ ಮಾನಪ್ಪನದು. ಬ್ರೇಕಿನ ದಿನವೊಂದರಲ್ಲಿ ಹೆಂಗಸರು ನೀರಿಲ್ಲವೆಂದು ಗೋಗರೆದರು, ಮಾನಪ್ಪನ ಕರುಳು ಕೇಳಲಿಲ್ಲ, ಇಳಿದು ತಿರುವಿದ. ನೀರು ಮೇಲೆ ಬಂತು, ಅವನು ಬರಲಿಲ್ಲ. ‘ಆ ದಿನ ಆತ ನಮ್ಮ ನೌಕರನೇ ಅಲ್ಲ’ ಎಂದು ಆಫೀಸು ಪಿಂಚಣಿ ತಳ್ಳಿಹಾಕಿತು. ಹೆಂಡತಿ ಮರಗಮ್ಮ ಕಂಡವರ ಮನೆಯ ಮುಸುರೆ ತಿಕ್ಕಿ ಬದುಕಿದಳು.

ಕಾಡಪ್ಪನ ಮೊದಲ ಬ್ರೇಕು ಬಂತು. ಚಹಾ ಕುಡಿಯುತ್ತ ಕೂತಿದ್ದ. ಹೊರಗೆ ನಳಗಳು ಗೊಳಗೊಳ ಎಂದವು.

“ಯಾರ ಬಿಟ್ರಬೇ ನೀರು?”

“ನೀವ ಇರಬೇಕು,” ಎಂದು ನಕ್ಕಳು ಹೆಂಡತಿ ಕಾಳವ್ವ. ನಗು ಅರ್ಧಕ್ಕೇ ನಿಂತಿತು. ಗೋಡೆಗೆ ತೂಗಿದ್ದ ಕೀಲಿಯಿಂದ ಕೆಸರುನೀರು ತೊಟ್ಟಿಕ್ಕುತ್ತಿತ್ತು. ಆ ವಾಲ್ವಿಗೆ ಇದ್ದದ್ದು ಅದೊಂದೇ ಕೀಲಿ.

ಮರುವರ್ಷವೂ ಹಾಗೇ. ಅದರಾಚೆಯ ವರ್ಷ ಕೀಲಿಯನ್ನು ಮಂಚದ ಕೆಳಗೆ ತಳ್ಳಿ, ಮಂಚದ ಮೇಲೆ ಕಾಲು ಮಡಚಿ ಕೂತ. ಕೆಳಗಿನಿಂದ ಹಸಿಮಣ್ಣಿನ ವಾಸನೆ ಎದ್ದಿತು. ಹೊರಗೆ ನೀರು ಬಂತು.

ಹೀಗಿರುವಾಗ ಉಡುಪಿ ಕಡೆಯ ಓವರ್‌ಸಿಯರ್ ವಿಷ್ಣುಮೂರ್ತಿ ಸುದ್ದಿ ತಂದರು. “ಮಾರಾಯ, ನಿನಗೆ ಅದೃಷ್ಟ ಉಂಟು. ದೊಡ್ಡ ಸಾಹೇಬರು ಟೆಂಪರವರಿ ಜನರ ಚೌಕಶಿಗೆ, ವಿಚಾರಣೆಗೆ ಬರ್ತಾರೆ. ಬ್ರೇಕಿನ ದಿನವೂ ನೀನೇ ನೀರು ಬಿಟ್ಟದ್ದು ಅಂತ ಆದ್ರೆ ನೌಕರಿ ನಡುವೆ ಕಡಿದದ್ದೇ ಇಲ್ಲ. ಪಿಂಚಣಿ ಪಕ್ಕಾ.”

“ನಾ ಬಿಟ್ಟಿಲ್ರೀ.”

“ಮತ್ತೆ ನಿನ್ನ ಅಜ್ಜ ಬಿಟ್ಟದ್ದಾ? ಸುಮ್ಮನೆ ಹೂಂ ಅನ್ನು.”

ಕಾಳವ್ವನೂ ಬಿಡಲಿಲ್ಲ. “ಬಿಟ್ಟಾಂವ ಮಾನಪ್ಪನ ಇರ್ಲಿ, ಸತ್ತಾಂವ ಪಿನ್ಶನ್ ತಗೊಂಡ ಏನ್ ಮಾಡ್ತಾನ? ನಾಳೆ ನೀವು ಸತ್ರ ನಾನೂ ಮುಸುರಿ ತಿಕ್ಕಲೇನು?”

ಕಾಡಪ್ಪ ಉಣ್ಣುತ್ತಿದ್ದ ತಟ್ಟೆ ಸರಿಸಿದ. ಎದ್ದು ಮರಗಮ್ಮನ ಖೋಲಿಗೆ ಹೋಗಿ ಎಲ್ಲ ಹೇಳಿದ. ಅವಳು ಬೆಚ್ಚಲಿಲ್ಲ.

“ಗೊತ್ತೈತೋ ತಮ್ಮಾ. ಆ ದಿನ ಮುಂಜಾನೆ ಅವನ ಚಪ್ಪಲಿ ಹೊರಗ ಮುಖ ಮಾಡಿ ಕುಂತಿರ್ತಾವು. ನಾ ಚಹಾ ಇಡತೇನಿ, ಕುಡಿಯಾಂಗಿಲ್ಲ. ಡ್ಯೂಟಿ ಮ್ಯಾಲ ಇದ್ದ ಅಂತ ಯಾರರೆ ಒಂದ ಮಾತ ಅಂದ್ರ ಮಲಗ್ಯಾನು.”

ಚೌಕಶಿಯಲ್ಲಿ ಸಾಹೇಬರು, ಬ್ರೇಕಿನ ದಿನ ನೀರು ಬಿಡುತ್ತಿದ್ದವರು ಯಾರೆಂದು ಹಿಂದಿಯಲ್ಲಿ ಕೇಳಿದರು: “ಬ್ರೇಕ್ ಕೇ ದಿನ್ ಪಾನೀ ಕೌನ್ ಛೋಡ್ತಾ ಥಾ?”

ವಿಷ್ಣುಮೂರ್ತಿ ಮೊಣಕೈಯಿಂದ ತಿವಿದರು. ಕಾಡಪ್ಪ ಎದ್ದು ನಿಂತ. “ಮೈ ನಹೀಂ, ಸಾಬ್. ಮಾನಪ್ಪ.”

ಸಾಹೇಬರು ನಕ್ಕರು, ಗುಮಾಸ್ತರು ನಕ್ಕರು.

“ನಗ್ರಿ. ಆದ್ರ ಅಂವ ಸತ್ತ ದಿನಾನೂ ನೀರ ಬಂದಿತ್ತು. ವಾಲ್ವ್ ನಿಮ್ದು, ಕೀಲಿ ನಿಮ್ದು. ಅಂವ ಡ್ಯೂಟಿ ಮ್ಯಾಲ ಇದ್ದ. ಈ ಹೆಂಗಸರನ್ನ ಕೇಳ್ರಿ.”

ಅವನ ಮಾತನ್ನು ವಿಷ್ಣುಮೂರ್ತಿ ಒಲ್ಲದ ಬಾಯಿಂದ ಹಿಂದಿಗೆ ತಿರುಗಿಸಿದರು. ಸಾಕ್ಷಿಗೆಂದು ಬಂದಿದ್ದ ಕಾಲನಿಯ ಹೆಂಗಸರಲ್ಲಿ ಬಾಗಿ ಎಂಬವಳು ಮೆಲ್ಲಗೆ ಅಂದಳು: “ಹೌದು. ನನ್ನ ಕೊಡ ಅರ್ಧ ತುಂಬಿತ್ತು, ಆಗ ಅವನ ಕೂಗು ಕೇಳಿದ್ದು.” ನಗು ಅಲ್ಲಿಗೆ ನಿಂತಿತು.

ದೀಪಾವಳಿಯ ಹೊತ್ತಿಗೆ ಮರಗಮ್ಮನಿಗೆ ಪಿಂಚಣಿ ಮಂಜೂರಾಯಿತು. ‘ಬ್ರೇಕಿನ ದಿನ ಕೆಲಸ ಮಾಡಿಲ್ಲವೆಂದು ತಾನೇ ಒಪ್ಪಿದ್ದಾನೆ’ ಎಂದು ಕಾಡಪ್ಪನ ಪಿಂಚಣಿಯ ಮಾತು ಅಲ್ಲೇ ಬಿತ್ತು. ಕಾಳವ್ವ ಎಷ್ಟೋ ದಿನ ಮಾತು ಬಿಟ್ಟಳು.

ಮುಂದಿನ ಜೂನು ಬಂತು. ಬ್ರೇಕಿನ ಬೆಳಗು. ನಳಗಳು ಹಾವಿನಂತೆ ಬುಸುಗುಟ್ಟಿದವು, ಹನಿ ನೀರಿಲ್ಲ. ಮಾನಪ್ಪ ಮಲಗಿದ್ದ. ಹೆಂಗಸರು ಕೊಡ ಹಿಡಿದು ಬಾಗಿಲಿಗೇ ಬಂದರು.

ಕಾಡಪ್ಪ ಎದ್ದ. ಕಾಳವ್ವ ಅವನ ಧೋತರದ ಚುಂಗು ಹಿಡಿದಳು. “ಬ್ಯಾಡ್ರಿ. ಇವತ್ತ ನೀವು ಯಾರೂ ಅಲ್ಲ.”

“ಅದಕ್ಕ ಸಾಕ್ಷಿ ಇಟಗೊಂಡ ಹೊಂಟೇನಿ. ನೀನೂ ಬಾ.”

ಗುಂಡಿಯ ಬಾಯಿ ತೆರೆದು ಒಂದು ಕಾಲು ಒಳಗಿಟ್ಟ. ಕೆಳಗಿನ ಕತ್ತಲೆಯಿಂದ ತಣ್ಣನೆಯ ಉಸಿರು ಮೊಣಕಾಲಿಗೆ ತಾಗಿತು. ತಿರುಗಿ ಎಲ್ಲರ ಮುಖ ನೋಡಿದ.

“ಹತ್ರ ಬರ್ರಿ ಬಾಗಿ, ಎಲ್ಲಾರೂ ಬರ್ರಿ. ಇವತ್ತ ಇಳಿಯಾಂವ ನಾನು, ಕಾಡಪ್ಪ. ಮ್ಯಾಲ ಬರೂತನಕ ಯಾರೂ ಹೋಗಬ್ಯಾಡ್ರಿ.”

ಹೆಂಗಸರು ಗುಂಡಿಯ ಸುತ್ತ ನಿಂತರು. ಆಚೆ ನಳಗಳಲ್ಲಿ ನೀರು ಸುರಿಯತೊಡಗಿತು. ಒಬ್ಬಳೂ ಕದಲಲಿಲ್ಲ.