ವಾದಿಯಲ್ಲಿ ನಲವತ್ತೊಂದು ಸೆಕೆಂಡು

ಶುಕ್ರವಾರ ಸಂಜೆ ನಾಲ್ಕು ಗಂಟೆ ಮೂವತ್ತೆಂಟು ನಿಮಿಷಕ್ಕೆ ನಾನು ಕೈ ಎತ್ತಿ ಹದಿನಾಲ್ಕು ಮಂದಿಯನ್ನು ಸುಮ್ಮನಾಗಿಸಿದೆ. ಸಮಯ ಇಷ್ಟು ಖಚಿತವಾಗಿ ಗೊತ್ತಿರುವುದು ಅದು ರೆಕಾರ್ಡರ್‌ನಲ್ಲಿ ದಾಖಲಾಗಿರುವುದರಿಂದ.

ಕೊಲ್ಲಿ ನಾಡಿನ ಈ ಊರಿನ ವಾದಿ ಕಬೀರ್ ಬಡಾವಣೆಯಲ್ಲಿ, ಗ್ಯಾರೇಜುಗಳ ಹಿಂದಿನ ವಾದಿಯಲ್ಲಿ, ಅಂದರೆ ಒಣ ಹೊಳೆಪಾತ್ರದಲ್ಲಿ, ರಜಾದಿನ ಮೆಕ್ಯಾನಿಕ್‌ಗಳು, ಪೇಂಟರ್‌ಗಳು ಟೆನಿಸ್ ಚೆಂಡಿನ ಕ್ರಿಕೆಟ್ ಆಡುತ್ತಾರೆ. ಅವರ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೆವು. ನಿರ್ದೇಶಕ ಕಝಾಕಿಸ್ತಾನದ ಅಲ್ಮಾಟಿಯವನು. ಸೋವಿಯತ್ ಕಾಲದ ವಸತಿ ಕಟ್ಟಡಗಳ ಅಂಗಳದಲ್ಲಿ ಡೊಮಿನೊ ಆಡುವ ಮುದುಕರು, ತಗಡಿನ ಗ್ಯಾರೇಜಿನಲ್ಲಿ ಪಾರಿವಾಳ ಸಾಕುವವರು, ಇಂಥವರನ್ನೇ ವರ್ಷಗಟ್ಟಲೆ ಚಿತ್ರಿಸಿದವನು. ಇಲ್ಲಿಗೆ ಬಂದವನೇ, ಇದೂ ಅದೇ ಅಂಗಳ, ಬಿಸಿಲು ಮಾತ್ರ ಜಾಸ್ತಿ, ಎಂದಿದ್ದ.

ಅವನದೊಂದು ನಿಯಮವಿತ್ತು: ಚಿತ್ರದಲ್ಲಿರುವವರಿಗೆ ಏನನ್ನೂ ಮಾಡಲು ಹೇಳಬಾರದು. ವಿನಾಯಿತಿ ಒಂದೇ. ಚಿತ್ರೀಕರಣ ಮುಗಿದ ಮೇಲೆ ಎಲ್ಲರೂ ಒಂದು ನಿಮಿಷ ಅಲುಗಾಡದೆ ನಿಲ್ಲಬೇಕು. ಆ ಜಾಗದ ಬರಿಯ ಸದ್ದನ್ನು ಹಿಡಿದಿಟ್ಟುಕೊಂಡರೆ ಸಂಕಲನದಲ್ಲಿ ಮಾತಿನ ನಡುವಿನ ತೂತು ಮುಚ್ಚಬಹುದು. ಧ್ವನಿಗ್ರಹಣ ನನ್ನ ಕೆಲಸ. ಮುಗಿಯಿತೆಂದು ಕೈ ಇಳಿಸುವುದೂ ನನ್ನದೇ.

ಉಡುಪಿ ಕಡೆಯ ಪೇಂಟರ್ ಒಬ್ಬ ವಿಕೆಟ್ ಹಿಂದೆ ನಿಂತಿದ್ದ. "ಎಂತ ಅಕ್ಕ, ಉಸಿರಾದ್ರೂ ಬಿಡ್ಲಿಕ್ಕೆ ಉಂಟಾ?"

"ಮೆಲ್ಲಗೆ ಬಿಡಿ," ಎಂದೆ.

ಇಪ್ಪತ್ತನೇ ಸೆಕೆಂಡಿಗೆ ಹೆಡ್‌ಫೋನಿನಲ್ಲಿ ದೂರದ ಗುಡುಗುಡು ಶುರುವಾಯಿತು. ಮೇಲಿನ ರಸ್ತೆಯಲ್ಲಿ ನೀರಿನ ಟ್ಯಾಂಕರ್ ಎಂದುಕೊಂಡೆ. ನಮ್ಮ ಕೆಲಸದಲ್ಲಿ ವಾಹನ ಬಂದರೆ ಅದು ಹೋಗುವವರೆಗೆ ಕಾಯುತ್ತೇವೆ. ಕಾದೆ. ಕೈ ಮೇಲೆಯೇ ಇತ್ತು. ನಮ್ಮ ತಲೆಯ ಮೇಲೆ ಮೋಡವಿರಲಿಲ್ಲ. ಬೆಟ್ಟದ ಮೇಲಿದ್ದ ಮೋಡವನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ.

ನನ್ನ ಮುಖ ನೋಡಿ ನಿರ್ದೇಶಕ ಹೆಡ್‌ಫೋನ್ ಕಿತ್ತುಕೊಂಡು ಕಿವಿಗಿಟ್ಟ. ಅವನ ಊರಿಗೆ ಬೆಟ್ಟದಿಂದ ಕೆಸರಿನ ಪ್ರವಾಹ ಇಳಿಯುತ್ತದಂತೆ. ಆ ಸದ್ದು ಕೇಳಿದರೆ ಎತ್ತ ಓಡಬೇಕೆಂದು ಶಾಲೆಯಲ್ಲೇ ಕಲಿಸುತ್ತಾರಂತೆ. ಇದು ಆಮೇಲೆ ತಿಳಿದದ್ದು. ಆಗ, ನಲವತ್ತೊಂದನೇ ಸೆಕೆಂಡಿಗೆ, ಅವನು ರಷ್ಯನ್‌ನಲ್ಲಿ ಕಿರುಚಿದ. ರಷ್ಯನ್ ಬಾರದ ಹದಿನಾಲ್ಕು ಮಂದಿಗೂ ಅರ್ಥವಾಯಿತು. ಓಡಿದೆವು. ರೆಕಾರ್ಡರ್ ನನ್ನ ಹೆಗಲಿಗೇ ಜೋತಿತ್ತು.

ಪೇಂಟರ್ ಮಾತ್ರ ಅರ್ಧ ದಾರಿಯಿಂದ ಹಿಂತಿರುಗಿದ. "ಅಕ್ಕ, ನಿಮ್ಮ ಮೈಕ್ ಅಲ್ಲೇ ಉಂಟಲ್ಲ!"

ಮೊದಲು ಮೊಣಕಾಲಷ್ಟು ಕಂದು ನೀರು ಬಂತು, ಅದರೊಂದಿಗೆ ಟೈರು, ಎಣ್ಣೆ ಡ್ರಮ್ಮು. ನಂತರ ಎದೆಮಟ್ಟ. ನಂತರ ಅವನು ಕಾಣಲಿಲ್ಲ.

ಒಂದು ಗಂಟೆ ಹತ್ತು ನಿಮಿಷದ ಮೇಲೆ ಕೆಳಗಿನ ತಿರುವಿನಲ್ಲಿ ಜಾಲಿಮರವನ್ನು ತಬ್ಬಿಕೊಂಡಿದ್ದವನನ್ನು ರಕ್ಷಣಾ ಸಿಬ್ಬಂದಿ ಬಿಡಿಸಿದರು. ಕೊರಳೆಲುಬು ಮುರಿದಿತ್ತು. ಮೈಕ್ ಸಿಗಲಿಲ್ಲ. ಅದನ್ನು ಯಾರೂ ಕೇಳಲೂ ಇಲ್ಲ.

ಆ ಸದ್ದನ್ನು ಚಿತ್ರದಲ್ಲಿ ಬಳಸೋಣ ಎಂದ ನಿರ್ದೇಶಕನಿಗೆ, ಫೈಲ್ ಹುಡುಕುತ್ತಿದ್ದೇನೆ ಎಂದೆ. ಅದು ನನ್ನ ಚೀಲದಲ್ಲೇ ಇತ್ತು. ದಾರ್ಸೈಟಿನ ನನ್ನ ಕೋಣೆಯಲ್ಲಿ ದಿನಾ ರಾತ್ರಿ ಮೂರಕ್ಕೆ ಎಚ್ಚರವಾಗಿ ಕೇಳುತ್ತಿದ್ದೆ. ಇಪ್ಪತ್ತರಿಂದ ನಲವತ್ತೊಂದನೇ ಸೆಕೆಂಡಿನವರೆಗೆ. ಎಲ್ಲರಿಗಿಂತ ಮೊದಲು ಕೇಳಿದವಳು ನಾನು, ಅವರನ್ನು ನಿಲ್ಲಿಸಿಕೊಂಡವಳೂ ನಾನು. ಇದನ್ನು ಪೇಂಟರಿಗೆ ಹೇಳಲೇಬೇಕಿತ್ತು.

ನಾಲ್ಕನೇ ವಾರ, ಒಂದು ಮಂಗಳವಾರ, ಹಮ್ರಿಯಾದ ಅವನ ಕೋಣೆಗೆ ಹೋಗಿ ಕೇಳಿಸಿದೆ. ಪಟ್ಟಿ ಕಟ್ಟಿದ ಕೈಯನ್ನು ಮಡಿಲಲ್ಲಿಟ್ಟು ಕೊನೆಯವರೆಗೆ ಕೇಳಿದ.

"ಇದು ನಂಗೂ ಕೇಳಿತ್ತು ಅಕ್ಕ. ಟ್ಯಾಂಕರ್ ಅಂತ ಗ್ರಹಿಸಿದೆ. ಹೇಳುವ ಅಂತಿದ್ದೆ. ನೀವು ಕೈ ಎತ್ತಿದ್ರಲ್ಲ, ಬೈತೀರಿ ಅಂತ ಸುಮ್ಮನಾದೆ."

"ಹೇಳಬೇಕಿತ್ತು."

"ನೀವು ಸಹ."

ಹೆಡ್‌ಫೋನಿನ ತಂತಿ ಸುತ್ತತೊಡಗಿದೆ. ಅವನೇ ಕೇಳಿದ: "ಒಂದು ನಿಮಿಷ ಆಗಿತ್ತಾ?"

"ಇಲ್ಲ. ನಲವತ್ತೊಂದು ಸೆಕೆಂಡು."

"ಅಯ್ಯೋ ಮಾರಾಯ್ತಿ, ಉಳಿದದ್ದಕ್ಕೆ ಮತ್ತೆ ನಮ್ಮನ್ನು ನಿಲ್ಲಿಸ್ತೀರಾ?"

ನಗಲು ಹೋಗಿ ಅವನಿಗೆ ಕೊರಳೆಲುಬು ನೋಯಿತು. ಅದಕ್ಕೂ ನನ್ನನ್ನೇ ಬೈದ. ಬೈಸಿಕೊಂಡು, ಚಹಾ ಕುಡಿದು ಬಂದೆ.

ಬುಧವಾರ ಎಚ್ಚರವಾದಾಗ ಕೋಣೆಯ ತುಂಬ ಬಿಸಿಲಿತ್ತು. ಆಫೀಸಿನಿಂದ ಎರಡು ಕರೆ ಬಂದುಹೋಗಿದ್ದವು.