ನರ್ಸಿನ ನಾಲ್ಕು ಮಾತು

ಹೆಲನ್ ಬಾಯಿಗೆ ವಯಸ್ಸು ಎಂಬತ್ತೇಳು. ಬೈಯುವ ಹುರುಪು ಮಾತ್ರ ಇಪ್ಪತ್ತರದ್ದೇ. ಆ ದಿನ ಬೈಸಿಕೊಳ್ಳುವ ಸರದಿ ಸಂಕೇತನದು. ಬೆಂಗಳೂರಿನಿಂದ ಬಂದು ನೈರೋಬಿಯ ಔಷಧ ಕಂಪನಿಯಲ್ಲಿ ಎಂಜಿನಿಯರ್ ಆಗಿರುವ ಸಂಕೇತನಿಗೆ ಹಳೆಯ ಸಿನಿಮಾಗಳ ಹುಚ್ಚು. ಭಾನುವಾರ ಅವನ್ನು ತೋರಿಸುವ ಸಂಘವನ್ನೂ ನಡೆಸುತ್ತಾನೆ. ಹೆಲನ್ ಬಾಯಿ ನಟಿಸಿದ ಇಂಗ್ಲಿಷ್ ಚಿತ್ರವೊಂದು ಸಿಕ್ಕಿದೆಯೆಂದು ಕುಣಿಯುತ್ತ ಸೌತ್ ಸಿ ಬಡಾವಣೆಯ ಅವರ ಮನೆಗೆ ಬಂದಿದ್ದ.

"ನೀವೇ ಚೀಫ್ ಗೆಸ್ಟ್ ಮೇಡಂ. ಸ್ಟೇಜ್ ಮೇಲೆ ಆ ನರ್ಸ್ ಡೈಲಾಗನ್ನ ಅದೇ ಆಕ್ಸೆಂಟಲ್ಲಿ ಒಂದ್ಸಲ ಹೇಳಿಬಿಡಿ, ಜನ ಬಿದ್ದು ಬಿದ್ದು ನಗ್ತಾರೆ!"

"ಅದು ನನ್ನ ದನಿಯೇ ಅಲ್ಲ ಮಾರಾಯಾ," ಎಂದು ಹೆಲನ್ ಬಾಯಿ ಗುಡುಗಿದರು. ಸಂಕೇತ್ ಪೆಚ್ಚಾದ.

ರೈಲ್ವೆ ಗುಮಾಸ್ತರಾಗಿದ್ದ ಅಪ್ಪನ ಜೊತೆ ಮಂಗಳೂರಿನಿಂದ ನೈರೋಬಿಯ ನ್ಗಾರಾಕ್ಕೆ ಬಂದಾಗ ಹೆಲನ್ ಬಾಯಿಗೆ ಹತ್ತು ವರ್ಷ. ಇಪ್ಪತ್ತಕ್ಕೆ ಟೈಪಿಂಗ್ ಕಲಿಯುತ್ತೇನೆಂದು ಲಂಡನ್ನಿಗೆ ಹೋದವರು ಟೈಪ್‌ರೈಟರ್ ಬಿಟ್ಟು ಸ್ಟುಡಿಯೊ ಬಾಗಿಲು ತಟ್ಟಿದರು. ಒಟ್ಟು ಹನ್ನೊಂದು ಚಿತ್ರ. ಹೆಚ್ಚಿನವುಗಳಲ್ಲಿ ಆಯಾ ಇಲ್ಲವೇ ರಾಣಿಯ ದಾಸಿ, ಒಂದರಲ್ಲಿ ಹೆಣ. ಹೆಣವಾಗಿದ್ದಾಗಲೇ ಕ್ಯಾಮೆರಾ ತನ್ನ ಮುಖವನ್ನು ಸರಿಯಾಗಿ ನೋಡಿದ್ದು ಎಂದು ಈಗಲೂ ನಗುತ್ತಾರೆ. ನಾಯಕಿಯ ಭುಜ ಮುಖಕ್ಕೆ ಅಡ್ಡ ಬಾರದಂತೆ ಟ್ರೇ ಹಿಡಿದು ಅರ್ಧ ಹೆಜ್ಜೆ ಪಕ್ಕಕ್ಕೆ ಸರಿಯುವುದನ್ನು ಯಾರೂ ಹೇಳಿಕೊಡಲಿಲ್ಲ, ತಾವೇ ಕಲಿತರು.

ಮಾತಿದ್ದ ಪಾತ್ರ ಈ ನರ್ಸಿನದೊಂದೇ. ಅದೂ ನಾಲ್ಕೇ ಮಾತು. ಕಾನ್ವೆಂಟಿನ ಸಿಸ್ಟರುಗಳು ತಿದ್ದಿ ತೀಡಿದ ಇಂಗ್ಲಿಷಿನಲ್ಲಿ ಚೊಕ್ಕವಾಗಿ ಹೇಳಿದರು. ನಿರ್ದೇಶಕ ಮುಖ ಸಿಂಡರಿಸಿದ.

"ಇಂಡಿಯನ್ ಥರ ಹೇಳು."

"ನಾನು ಇಂಡಿಯನ್ನೇ. ನಾನು ಮಾತಾಡುವುದು ಹೀಗೇ."

ಏಳು ಸಲ ಹೇಳಿಸಿದ. ಏಳು ಸಲವೂ ಹಾಗೇ ಹೇಳಿದರು. ಚಿತ್ರ ಬಿಡುಗಡೆಯಾದಾಗ ನೋಡಲು ಹೋದರೆ, ತುಟಿ ತನ್ನದು, ದನಿ ಯಾವಳೋ ಬಿಳಿಯ ಹೆಂಗಸಿನದು! ಅವಳು ನಾಲಿಗೆ ಮಡಿಚಿ ಕೋಡಂಗಿಯಂತೆ ಉಲಿದಿದ್ದಳು. ಥಿಯೇಟರ್ ಗೊಳ್ಳೆಂದಿತು. ಹೆಲನ್ ಬಾಯಿಗೆ ಅಳು ಬರಲಿಲ್ಲ, ಸಿಟ್ಟು ಬಂತು. ಆಮೇಲೆ ನೈರೋಬಿಗೆ ಮರಳಿ ಮೂವತ್ತು ವರ್ಷ ಶಾಲೆಯಲ್ಲಿ ಇಂಗ್ಲಿಷ್ ಕಲಿಸಿದರೂ ಆ ಸಿಟ್ಟು ಇಳಿಯಲಿಲ್ಲ. ಯಾಕೆ ಇಳಿಯಬೇಕು ಹೇಳಿ?

"ನಾನು ಬರ್ತೇನೆ," ಎಂದರು ಸಂಕೇತನಿಗೆ. "ನನ್ನ ಸೀನ್ ಬರುವಾಗ ನೀನು ಸೌಂಡ್ ಬಂದ್ ಮಾಡ್ಬೇಕು. ನಾನು ಹೇಳ್ತೇನೆ."

"ಒರಿಜಿನಲ್ ಫಿಲ್ಮನ್ನ ಹಾಗೆಲ್ಲ ಮುಟ್ಟಬಾರದು ಮೇಡಂ…"

"ನನ್ನ ಮಾತು ಅಳಿಸುವಾಗ ಅವರು ಯಾರನ್ನು ಕೇಳಿದ್ದು?"

ಚಹಾ ತಂದ ಪ್ರೀಮಾ, ಅಣ್ಣನ ಮಗಳು, ನಡುವೆ ಬಾಯಿ ಹಾಕಿದಳು. "ಈ ವಯಸ್ಸಲ್ಲಿ ಯಾಕೆ ಆಂಟಿ? ಮರೆತುಹೋದ್ರೆ ಎಲ್ಲರೆದುರು ಮರ್ಯಾದೆ ಹೋಗ್ತದೆ."

"ಹೋದ್ರೆ ನನ್ನದು ಹೋಗ್ತದೆ. ನಿನಗೆಂತ?"

ಭಾನುವಾರ ಸಂಜೆ ಹಾಲ್ ತುಂಬಿತ್ತು. ಕಪ್ಪು ಬಿಳುಪು ತೆರೆಯ ಮೇಲೆ ನರ್ಸ್ ಟೋಪಿಯ ಹುಡುಗಿ ವಾರ್ಡಿಗೆ ಬಂದಳು. ಸಂಕೇತ್ ಸೌಂಡ್ ನಿಲ್ಲಿಸಿದ. ಮೊದಲ ಸಾಲಿನಲ್ಲಿದ್ದ ಹೆಲನ್ ಬಾಯಿ ಪ್ರೀಮಾಳ ತೋಳು ಹಿಡಿದು ಎದ್ದರು, ಮೈಕ್ ಬೇಡವೆಂದರು. ಹುಡುಗಿ ತುಟಿ ತೆರೆದಳು, ಇವರು ದನಿ ಎತ್ತಿದರು. ರೋಗಿಯ ಜ್ವರ ಇಳಿದಿದೆ ಡಾಕ್ಟರ್. ಇಡೀ ರಾತ್ರಿ ಅವರ ಪಕ್ಕ ನಾನಿದ್ದೆ.

ದನಿ ಒಡೆದಿತ್ತು, ಇಂಗ್ಲಿಷ್ ಮಾತ್ರ ಅದೇ ಚೊಕ್ಕ ಇಂಗ್ಲಿಷ್. ತುಟಿಗೂ ಮಾತಿಗೂ ಕೂದಲೆಳೆಯಷ್ಟೂ ಅಂತರವಿಲ್ಲ. ಒಬ್ಬರೂ ನಗಲಿಲ್ಲ. ಆಮೇಲೆ ಹಾಲ್ ಎದ್ದು ನಿಂತು ಚಪ್ಪಾಳೆ ಹೊಡೆಯಿತು, ಪ್ರೀಮಾ ಕಣ್ಣೊರೆಸಿಕೊಂಡಳು. ಎಲ್ಲ ಮುಗಿಯಿತೆಂದುಕೊಂಡು ಸಂಕೇತ್ ಸೌಂಡ್ ಹಾಕಲು ಲ್ಯಾಪ್‌ಟಾಪಿಗೆ ಕೈ ಚಾಚಿದ.

ಹೆಲನ್ ಬಾಯಿ ತೆರೆಯಿಂದ ಕಣ್ಣು ತೆಗೆಯಲಿಲ್ಲ.

"ಕೈ ತೆಗಿ," ಎಂದರು. "ಇನ್ನೂ ಎರಡು ಮಾತು ಬಾಕಿ ಉಂಟು."