ಪೆಂಟಮ್ಮನ ಹೆಸರಿಗೆ ಬಂದ ನೋಟೀಸು

ತೆಲಂಗಾಣದ ಗಡಿಯೂರು ಮಕ್ತಲ್‌ನ ಪೆಂಟಮ್ಮ ತನ್ನ ಹೆಸರನ್ನು ತಾನೇ ಕದ್ದಿದ್ದಾಳೆಂದು ಮುಂಬೈಯಿಂದ ನೋಟೀಸು ಬಂತು. ನಗಬೇಡಿ, ನಿಜಕ್ಕೂ ಬಂತು.

ಆಕೆ ಮಾರುತ್ತಿದ್ದದ್ದು ರೊಟ್ಟಿಗೆ ಹಚ್ಚಿಕೊಳ್ಳುವ ಶೇಂಗಾ ಹಿಂಡಿ. ಒರಳಲ್ಲಿ ತಾನೇ ಕುಟ್ಟುತ್ತಿದ್ದಳು. ಸೊಸೆ ಅನುರಾಧಾ ಪೊಟ್ಟಣದ ಮೇಲೆ ‘ಪೆಂಟಮ್ಮ’ ಎಂದು ಅಚ್ಚು ಹಾಕಿಸಿದಾಗ ಮೊದಲು ಜಗಳ ತೆಗೆದವಳೂ ಪೆಂಟಮ್ಮನೇ. ತೆಲುಗಿನಲ್ಲಿ ಪೆಂಟ ಎಂದರೆ ತಿಪ್ಪೆ. ಶಾಲೆಯಲ್ಲಿ ಮಕ್ಕಳು ಮೂಗು ಮುಚ್ಚಿಕೊಂಡೇ ಆಕೆಯನ್ನು ಕರೆಯುತ್ತಿದ್ದರು. ತಿನ್ನುವ ಪದಾರ್ಥಕ್ಕೆ ಇಂಥ ಹೆಸರೇ? ಆದರೆ ಮಾಗನೂರಿನಿಂದ ಗದ್ವಾಲ್‌ವರೆಗೆ ಜನ ಅದೇ ಹೆಸರು ಹೇಳಿ ಕೇಳತೊಡಗಿದರು.

ಮುಂಬೈಯ ಕಂಪನಿಯ ಮಸಾಲೆಯ ಹೆಸರು ‘ಪೆಂಟಾಮಾ’. ಹದಿನೈದು ದಿನದೊಳಗೆ ನಿಮ್ಮ ಹೆಸರು ತೆಗೆಯಿರಿ, ಇಲ್ಲವಾದರೆ ಕೋರ್ಟು ಎಂದಿತ್ತು ನೋಟೀಸು. ಯಾವುದಾದರೂ ದೇವಿಯ ಹೆಸರಿಡೋಣ ಎಂದಳು ಅನುರಾಧಾ. ಪೆಂಟಮ್ಮನಿಗೆ ಎಲ್ಲಿಲ್ಲದ ಸಿಟ್ಟು ಬಂತು. ಐವತ್ತು ವರ್ಷ ಬೇಡವಾಗಿದ್ದ ಹೆಸರು ಆ ಗಳಿಗೆಯಲ್ಲಿ ಪ್ರಾಣಕ್ಕಿಂತ ಹೆಚ್ಚೆನಿಸಿತು.

“ದೇವಿ ಹೆಸರು ಸಾವಿರ ಡಬ್ಬಿ ಮ್ಯಾಲ ಐತಿ. ಇದು ನನ್ನದು. ಬಿಡಂಗಿಲ್ಲ!”

ನಾರಾಯಣಪೇಟೆಯ ವಕೀಲ ಮಹೇಂದರ್ ಕಂಪನಿಯವರನ್ನು ಮಾತುಕತೆಗೆ ಕರೆಸಿದರು. ಪೆಂಟಮ್ಮ ಸಾಕ್ಷಿಗೆಂದು ತಾಯಿ ಮೊಗುಲಮ್ಮನನ್ನೇ ಬಸ್ಸು ಹತ್ತಿಸಿಕೊಂಡು ಹೋದಳು. ಇಸ್ತ್ರಿ ಮಾಡಿದ ಅಂಗಿಯ ಅಧಿಕಾರಿ ಹಿಂದಿಯಲ್ಲಿ ವಿವರಿಸಿದ: ಗ್ರೀಕ್ ಭಾಷೆಯಲ್ಲಿ ಪೆಂಟಾ ಎಂದರೆ ಐದು, ಹಿಂದಿಯಲ್ಲಿ ಮಾ ಎಂದರೆ ತಾಯಿ, ಐದು ಮಸಾಲೆ, ತಾಯಿಯ ಕೈರುಚಿ, ಈ ಹೆಸರು ಹುಡುಕಲು ಒಂದು ವರ್ಷ ಹಿಡಿಯಿತು. ಆಮೇಲೆ ಹುಬ್ಬೇರಿಸಿ ಕೇಳಿದ, ನಿಮಗೆ ಈ ಹೆಸರು ಎಲ್ಲಿ ಸಿಕ್ಕಿತು?

“ತಿಪ್ಯಾಗ ಸಿಕ್ತು,” ಎಂದಳು ಮೊಗುಲಮ್ಮ.

ಮುದುಕಿ ಸೆರಗು ಸರಿಮಾಡಿಕೊಂಡಳು. “ಮೊದಲಿನ ಎರಡು ಕೂಸು ಉಳೀಲಿಲ್ರಿ. ಇದು ಹುಟ್ಟಿದ ಕೂಡ್ಲೇ ತಿಪ್ಪಿ ಮ್ಯಾಲ ಮಲಗಿಸಿದೆ. ಯಾರಿಗೂ ಬ್ಯಾಡಾದ ಕೂಸು ಅಂತ ಯಮ ಹೊಳ್ಳಿ ಹೋಗ್ಲಿ ಅಂತ. ಓಣ್ಯಾಗಿನಾಕಿ ಎತ್ಕೊಂಡ್ಳು. ಆಕಿಗೆ ಒಂದು ಸೇರು ಜ್ವಾಳ ಕೊಟ್ಟು ನನ್ನ ಕೂಸನ್ನ ನಾನೇ ಕೊಂಡ್ಕೊಂಡೆ. ಅದಕ್ಕ ಪೆಂಟಮ್ಮ.”

ಮಹೇಂದರ್ ಎಲ್ಲವನ್ನೂ ಹಿಂದಿಗೆ ತಿರುಗಿಸುತ್ತ ಬಂದವರು ತಿಪ್ಪೆ, ಅಂದರೆ ಪೆಂಟ ಎಂಬಲ್ಲಿ ತಡವರಿಸಿದರು. ಮರ್ಯಾದೆಯ ಶಬ್ದ ಹುಡುಕಿದರು, ಸಿಗಲಿಲ್ಲ. ಕೊನೆಗೆ ಕಿಟಕಿಯಾಚೆಯ ಕಸದ ಗುಡ್ಡೆಯ ಕಡೆ ಬೆರಳು ತೋರಿಸಿದರು. ಅಧಿಕಾರಿಯ ಮುಖ ಸಪ್ಪಗಾಯಿತು. ಈ ಅರ್ಥ ಎಷ್ಟು ದೂರದವರೆಗೆ ಗೊತ್ತು ಎಂದು ಮೆಲ್ಲಗೆ ಕೇಳಿದ.

“ಎರಡೂ ತೆಲುಗು ರಾಜ್ಯಕ್ಕೆ ಗೊತ್ತು, ಸಾಬ್,” ಎಂದರು ಮಹೇಂದರ್.

ಮೊದಲು ನಕ್ಕವಳು ಪೆಂಟಮ್ಮ. ಆಮೇಲೆ ವಕೀಲರು ನಕ್ಕರು. ಕಡೆಗೆ ಪಾಪ ಅವನೂ ತಲೆ ಹಿಡಿದುಕೊಂಡು ನಕ್ಕ, ಹೊರಗೆ ಹೋಗಿ ಅರ್ಧ ಗಂಟೆ ಫೋನಿನಲ್ಲಿ ಮಾತಾಡಿದ.

ಹತ್ತು ದಿನಕ್ಕೆ ಪತ್ರ ಬಂತು. ನೋಟೀಸು ವಾಪಸ್ ಪಡೆದಿದ್ದೇವೆ, ನಮ್ಮ ಹೆಸರಿಗೂ ನಿಮ್ಮ ಹೆಸರಿಗೂ ಯಾವುದೇ ಹೋಲಿಕೆ ಇಲ್ಲ, ಇದನ್ನು ದಯವಿಟ್ಟು ಎಲ್ಲರಿಗೂ ತಿಳಿಸಬೇಕಾಗಿ ವಿನಂತಿ ಎಂದಿತ್ತು. ಪೆಂಟಮ್ಮ ಎರಡು ಸಲ ಓದಿಸಿ ಕೇಳಿದಳು. ಆಕೆಗಾದ ಖುಷಿ ಅಷ್ಟಿಷ್ಟಲ್ಲ. ಶೇಂಗಾ ಸುಲಿಯುತ್ತಿದ್ದ ತಾಯಿಯ ಬಳಿಗೆ ಓಡಿದಳು.

“ಹೆಸರು ಉಳೀತವ್ವಾ!”

ಮೊಗುಲಮ್ಮ ತಲೆ ಎತ್ತಲಿಲ್ಲ. “ಹೆಸರು ಉಳೀಲಿ ಅಂತ ಇಟ್ಟಿದ್ನೇನ? ನೀ ಉಳೀಲಿ ಅಂತ ಇಟ್ಟಿದ್ದೆ,” ಎಂದಳು.